ಮಾರಾಟ ನಿಂತುಹೋದ ವ್ಯಾಯಾಮದ ಕ್ಯಾಸೆಟ್ಟು ಎಲ್ಲಿ ಹುಡುಕೋದು: ಆರ್ಕೈವಾ, ಯೂಟ್ಯೂಬಾ, ಹಳೇ ಡಿಸ್ಕಾ?

ಫ್ರೀಮಾಂಟ್‌ನಲ್ಲಿ ಹತ್ತು ವರ್ಷ ಇದ್ದು 1999ರಲ್ಲಿ ಮೈಸೂರಿಗೆ ವಾಪಸಾದಾಗ ನಮ್ಮ ಚಿಕ್ಕಮ್ಮನ ಸೂಟ್‌ಕೇಸಿನಲ್ಲಿ ಸೀರೆಗಿಂತ ಹೆಚ್ಚು ಜಾಗ ಹಿಡಿದದ್ದು ವ್ಯಾಯಾಮದ ವಿಎಚ್‌ಎಸ್ ಕ್ಯಾಸೆಟ್ಟುಗಳು. ಇಲ್ಲಿಯ ವಿಸಿಆರ್‌ನಲ್ಲಿ ಅವು ಓಡಲಿಲ್ಲ. ಅಟ್ಟ ಸೇರಿದವು, ಇಪ್ಪತ್ತೈದು ಮಳೆಗಾಲ ಕಂಡವು, ಟೇಪಿನ ಅಂಚಿಗೆ ಬಿಳಿ ಬೂಷ್ಟು ಕೂತಿತು. ಈಚೆಗೆ ಡಾಕ್ಟರು ‘ದಿನಾ ಸ್ವಲ್ಪ ಕೈಕಾಲು ಆಡಿಸಿ’ ಅಂದಾಗ ಚಿಕ್ಕಮ್ಮನಿಗೆ ನೆನಪಾಗಿದ್ದು ಮೊಬೈಲಿನ ಯಾವ ಆ್ಯಪೂ ಅಲ್ಲ, ಅದೇ ಕ್ಯಾಸೆಟ್ಟುಗಳು. ‘ಇಂಟರ್‌ನೆಟ್ಟಲ್ಲಿ ಎಲ್ಲಾ ಸಿಗತ್ತೆ ಅಂತೀಯಲ್ಲೋ, ಹುಡುಕಿಕೊಡು ನೋಡೋಣ’ ಅಂದರು.

ಬೇಕಾಗಿದ್ದು ನಾಲ್ಕು. ಹಾಲಿವುಡ್ ನಟಿ ಜೇನ್ ಫಾಂಡಾ ಅವರ 1982ರ ಮೊದಲ ವ್ಯಾಯಾಮದ ವಿಡಿಯೊ. ‘ದ ಫರ್ಮ್’ ಎಂಬ ಅಮೆರಿಕದ ಸರಣಿಯ ಮೊದಲನೆಯದು. ಮೈಸೂರಿನ ಯೋಗಗುರು ಪಟ್ಟಾಭಿ ಜೋಯಿಸರು 1993ರಲ್ಲಿ ಅಮೆರಿಕದಲ್ಲಿ ತಮ್ಮ ಶಿಷ್ಯರಿಂದ ಅಷ್ಟಾಂಗ ಯೋಗ ಮಾಡಿಸಿದ ವಿಡಿಯೊ. ಕೊನೆಯದು ಒಂದು ಸ್ಟೆಪ್ ಏರೋಬಿಕ್ಸ್ (ತಗ್ಗು ಹಲಗೆ ಹತ್ತಿ ಇಳಿಯುವ ವ್ಯಾಯಾಮ) ಕ್ಯಾಸೆಟ್ಟು. ಅದನ್ನು ಯಾರೋ ಗೆಳತಿ ಎರವಲು ಒಯ್ದವರು ಕೊಡಲೇ ಇಲ್ಲವಾದ್ದರಿಂದ ಹೆಸರೂ ಗೊತ್ತಿಲ್ಲ. ‘ನೇರಳೆ ಬಟ್ಟೆ ಹಾಕ್ಕೊಂಡಿದ್ಲು, ಹಿಂದೆ ಇಟ್ಟಿಗೆ ಗೋಡೆ ಇತ್ತು’, ಇಷ್ಟೇ ಸುಳಿವು.

ಕೊನೆಗೆ ನಾಲ್ಕೂ ಸಿಕ್ಕವು, ನಾಲ್ಕು ಬೇರೆ ಬೇರೆ ಕಡೆ. ಆ ಅಲೆದಾಟದಲ್ಲಿ ಯಾವ ದಾರಿ ಯಾರಿಗೆ ಒಗ್ಗುತ್ತದೆ ಎಂಬುದು ನನಗೆ ಅರ್ಥವಾದ ಮಟ್ಟಿಗೆ ಇಲ್ಲಿ ಬರೆದಿದ್ದೇನೆ.

ಹುಡುಕುವ ಮುಂಚೆ ಜಾತಕ ಬರೆದುಕೊಳ್ಳಿ

ಹೆಚ್ಚಿನವರು ಎಡವುವುದು ಜಾಗದ ಆಯ್ಕೆಯಲ್ಲಲ್ಲ, ತಮಗೆ ಬೇಕಾದ್ದು ಯಾವುದು ಎಂದು ನಿಖರವಾಗಿ ಗೊತ್ತಿಲ್ಲದೆ ಹೊರಡುವುದರಲ್ಲಿ. ಈ ವಿಡಿಯೊಗಳಿಗೆ ಒಂದೇ ಹೆಸರು ಇರುವುದು ಅಪರೂಪ. ಚಿಕ್ಕಮ್ಮನ ಫರ್ಮ್ ಕ್ಯಾಸೆಟ್ಟಿನ ಮೇಲೆ ‘ವಾಲ್ಯೂಮ್ 1’ ಎಂದಿದೆ. ಮುಂದೆ ಅದೇ ವಿಡಿಯೊ ‘ಬಾಡಿ ಸ್ಕಲ್ಪ್ಟಿಂಗ್ ಬೇಸಿಕ್ಸ್’ ಎಂಬ ಹೆಸರಲ್ಲಿ ಮಾರಾಟವಾಯಿತು. ನಾನು ಹಳೆಯ ಹೆಸರನ್ನೇ ಹಿಡಿದು ಎರಡು ವಾರ ಹುಡುಕಿದೆ.

ಹೆಸರು ಬದಲಾಗುವುದಕ್ಕೂ ವಿಡಿಯೊ ಮಾರುಕಟ್ಟೆಯಿಂದ ಮಾಯವಾಗುವುದಕ್ಕೂ ಕಾರಣ ಬಹುತೇಕ ಒಂದೇ: ಕಂಪನಿ ಕೈ ಬದಲಾಗುವುದು. ಫರ್ಮ್ ಮಾರುತ್ತಿದ್ದ ಗುಡ್‌ಟೈಮ್ಸ್ ಎಂಟರ್‌ಟೈನ್‌ಮೆಂಟ್ 2005ರಲ್ಲಿ ದಿವಾಳಿಯಾಗಿ ಅದರ ಆಸ್ತಿಯನ್ನು ಗಯಾಮ್ ಎಂಬ ಕಂಪನಿ ಕೊಂಡಿತು. ಹೊಸ ಯಜಮಾನ ತನಗೆ ಲಾಭ ಕಂಡದ್ದನ್ನು ಮಾತ್ರ ಮುಂದುವರಿಸುತ್ತಾನೆ. ಕೇಬಲ್ ಟಿವಿಯಲ್ಲೂ ಜಾಲತಾಣದಲ್ಲೂ ಇದ್ದ ಎಕ್ಸರ್‌ಸೈಸ್ ಟಿವಿ 2011ರ ಕೊನೆಯಲ್ಲಿ ಬಾಗಿಲು ಹಾಕಿದಾಗ ಅಲ್ಲೇ ನೋಡಿ ಅಭ್ಯಾಸ ಮಾಡುತ್ತಿದ್ದವರ ಕೈ ಬರಿದಾಯಿತು. ಇನ್ನೊಂದು ಕಾರಣ ಸಂಗೀತ. ಹಾಡಿನ ಹಕ್ಕನ್ನು ಕ್ಯಾಸೆಟ್ಟಿಗೆಂದು ಪಡೆದಿರುತ್ತಾರೆ. ಡಿವಿಡಿಗೋ ಸ್ಟ್ರೀಮಿಂಗಿಗೋ ಮತ್ತೆ ದುಡ್ಡು ಕೊಡಬೇಕು. ಹಾಗಾಗಿ ಎಷ್ಟೋ ವಿಡಿಯೊಗಳು ಮರುಮುದ್ರಣ ಕಾಣುವುದೇ ಇಲ್ಲ, ಕಂಡರೂ ಹಾಡು ತೆಗೆದು ಯಾವುದೋ ಸಪ್ಪೆ ಸಂಗೀತ ತುಂಬಿರುತ್ತಾರೆ. ನಿಮಗೆ ಆ ಹಾಡೇ ಮುಖ್ಯವಾದರೆ ಹಳೇ ಆವೃತ್ತಿಯನ್ನೇ ಹುಡುಕಬೇಕು. ನಡೆಗಳಷ್ಟೇ ಸಾಕಾದರೆ ಕೆಲಸ ಅರ್ಧ ಹಗುರ.

ಆದ್ದರಿಂದ ಒಂದು ಚೀಟಿಯಲ್ಲಿ ಮುಂದೆ ನಿಂತು ಹೇಳಿಕೊಡುವವರ ಹೆಸರು, ಕಂಪನಿ, ವರ್ಷ, ಎಷ್ಟು ನಿಮಿಷ, ಯಾವ ಸಲಕರಣೆ ಬೇಕು ಎಂಬುದನ್ನು ಬರೆದಿಡಿ. ವರ್ಷ ಗೊತ್ತಿಲ್ಲದಿದ್ದರೆ ಸಲಕರಣೆಯಿಂದ ಊಹಿಸಬಹುದು. ಸ್ಟೆಪ್ ಹಲಗೆ ಜನಪ್ರಿಯವಾದದ್ದು ಅಮೆರಿಕದ ವ್ಯಾಯಾಮ ಶಿಕ್ಷಕಿ ಜಿನ್ ಮಿಲ್ಲರ್ ಮತ್ತು ರೀಬಾಕ್ ಕಂಪನಿಯಿಂದ, 1989ರ ಆಸುಪಾಸು. ಚಿಕ್ಕಮ್ಮ ವಾಪಸಾದದ್ದು 1999ರಲ್ಲಿ. ಅಂದರೆ ನಾನು ಜಾಲಾಡಬೇಕಾದದ್ದು ಹತ್ತು ವರ್ಷ ಮಾತ್ರ.

ಇನ್ನೂ ಮಾರಾಟಕ್ಕಿದೆಯೇ ಎಂದು ಮೊದಲು ನೋಡಿ

ಇದನ್ನು ಹೇಳುವುದೇ ಬೇಡ ಅನ್ನಿಸಬಹುದು, ಆದರೆ ನಾನೇ ಇದನ್ನು ಕೊನೆಗೆ ನೋಡಿದೆ. ಫಾಂಡಾ ಅವರ ವಿಡಿಯೊ 1982ರಲ್ಲಿ ಬಂದಾಗ ಬೆಲೆ 59.95 ಡಾಲರ್. ಅದನ್ನು ಹಾಕಲೆಂದೇ ಜನ ವಿಸಿಆರ್ ಕೊಂಡರು ಎಂದು ಆ ಕಾಲದವರು ಈಗಲೂ ಹೇಳುತ್ತಾರೆ. ಇಷ್ಟು ಹಳೆಯದು ಅಂಗಡಿಯಲ್ಲಿ ಎಲ್ಲಿ ಸಿಗಬೇಕು ಎಂದುಕೊಂಡು ಇಂಟರ್‌ನೆಟ್ ಆರ್ಕೈವ್ ಎಂಬ ತಾಣದಲ್ಲಿ ಮಸುಕು ಪ್ರತಿಗಳನ್ನು ಕೆದಕುತ್ತಿದ್ದೆ. ನೋಡಿದರೆ ಆ ಹಳೆಯ ವಿಡಿಯೊಗಳಲ್ಲಿ ಕೆಲವು 2015ರ ಸುಮಾರಿಗೆ ಡಿವಿಡಿಯಾಗಿ, ಡಿಜಿಟಲ್ ಆಗಿ ಮತ್ತೆ ಬಂದಿದ್ದವು. ಸಿಕ್ಕರೆ ಇದಕ್ಕಿಂತ ಒಳ್ಳೆಯ ದಾರಿ ಇಲ್ಲ: ಚಿತ್ರ ಚೊಕ್ಕಟ, ಸದ್ದು ಪೂರ್ತಿ, ನಾಳೆ ಮಾಯವಾಗುವ ಭಯವಿಲ್ಲ, ದುಡ್ಡು ಮಾಡಿದವರಿಗೇ ಹೋಗುತ್ತದೆ.

ಸ್ಟ್ರೀಮಿಂಗ್ ಚಂದಾದಲ್ಲಿರುವ ಹಳೆಯ ವ್ಯಾಯಾಮಗಳ ವಿಷಯ ಬೇರೆ. ಬೀಚ್‌ಬಾಡಿ ಕಂಪನಿಯ ಪಿ90ಎಕ್ಸ್ ಥರದವು ಅಲ್ಲಿ ಸಿಗುತ್ತವೆ (2023ರಿಂದ ಆ ವೇದಿಕೆಗೆ ‘ಬೋಡಿ’ ಎಂದು ಹೆಸರು). ಆದರೆ ಒಂದೇ ಒಂದು ವಿಡಿಯೊಗಾಗಿ ತಿಂಗಳು ತಿಂಗಳು ಕಟ್ಟುವುದು ಮಜ್ಜಿಗೆಗಾಗಿ ಹಸು ಸಾಕಿದಂತೆ.

ಇಂಟರ್‌ನೆಟ್ ಆರ್ಕೈವ್: ಅಟ್ಟ ದೊಡ್ಡದು, ದೀಪ ಮಂದ

ಬ್ರೂಸ್ಟರ್ ಕೇಲ್ 1996ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಶುರು ಮಾಡಿದ ಈ ಲಾಭರಹಿತ ಸಂಗ್ರಹಾಲಯದಲ್ಲಿ ನಮ್ಮ ಕೆಲಸಕ್ಕೆ ಬರುವುದು ಎರಡು ಕೋಣೆ. ಒಂದು ವಿಡಿಯೊ ವಿಭಾಗ. ಅದರಲ್ಲಿ ‘ವಿಎಚ್‌ಎಸ್ ವಾಲ್ಟ್’ ಎಂಬ ಗುಂಪು ಇಂಥ ಕ್ಯಾಸೆಟ್ಟುಗಳ ದೊಡ್ಡ ರಾಶಿ. ಇನ್ನೊಂದು 2001ರಲ್ಲಿ ಸಾರ್ವಜನಿಕರಿಗೆ ತೆರೆದ ವೇಬ್ಯಾಕ್ ಮಷೀನ್.

ಎರಡನೆಯದನ್ನು ಜನ ತಪ್ಪಾಗಿ ತಿಳಿಯುತ್ತಾರೆ. ಮುಚ್ಚಿದ ಜಾಲತಾಣದ ವಿಳಾಸ ಹಾಕಿದರೆ ಹಳೆಯ ವಿಡಿಯೊ ಓಡುತ್ತದೆ ಎಂದುಕೊಳ್ಳುತ್ತಾರೆ. ವೇಬ್ಯಾಕ್ ಉಳಿಸಿಕೊಳ್ಳುವುದು ಮುಖ್ಯವಾಗಿ ಪುಟಗಳನ್ನು. ಪುಟದೊಳಗಿನ ವಿಡಿಯೊ ಬಹುತೇಕ ಓಡುವುದಿಲ್ಲ. ಅದರ ಉಪಯೋಗ ಪತ್ತೇದಾರಿಕೆಗೆ. ಅಮೆರಿಕದಲ್ಲಿ ಕೊಲಾಜ್ ವಿಡಿಯೊ ಎಂಬ, ವ್ಯಾಯಾಮದ ವಿಡಿಯೊಗಳನ್ನೇ ಅಂಚೆಯಲ್ಲಿ ಮಾರುತ್ತಿದ್ದ ಅಂಗಡಿಯೊಂದಿತ್ತು. ಅಂಥ ಅಂಗಡಿಗಳ, ತಯಾರಕರ ಹಳೆಯ ಪುಟಗಳನ್ನು ವರ್ಷದ ಕ್ಯಾಲೆಂಡರಿನಲ್ಲಿ ತೆರೆದು ನೋಡಿದರೆ ಹೊದಿಕೆಯ ಚಿತ್ರ, ನಿಮಿಷ, ಬೇಕಾದ ಸಲಕರಣೆ ಎಲ್ಲ ತಿಳಿಯುತ್ತದೆ. ಚಿಕ್ಕಮ್ಮನ ನೇರಳೆ ಬಟ್ಟೆಯ ಹೆಂಗಸು ಸಿಕ್ಕಿದ್ದು ಹೀಗೇ. ಹಳೆಯ ಕೆಟಲಾಗು ಪುಟಗಳನ್ನು ಟಿವಿಗೆ ಹಾಕಿ ಅವರನ್ನು ಪಕ್ಕದಲ್ಲಿ ಕೂರಿಸಿಕೊಂಡು, ಮದುವೆಗೆ ಹೆಣ್ಣು ತೋರಿಸುವವರ ಹಾಗೆ ಒಂದೊಂದೇ ಹೊದಿಕೆ ತೋರಿಸುತ್ತಾ ಹೋದೆ. ಮೂರನೇ ಸಂಜೆ ‘ಇವಳೇ ಕಣೋ!’ ಅಂದರು.

ಹೆಸರು ಸಿಕ್ಕ ಮೇಲೆ ಮೊದಲ ಕೋಣೆಗೆ ಬಂದೆ. ಇಲ್ಲಿ ಗಮನಿಸಬೇಕಾದ್ದು: ಈ ವಿಡಿಯೊಗಳನ್ನು ಏರಿಸಿದವರು ಬಹುಮಟ್ಟಿಗೆ ನಮ್ಮಂಥ ಸಾಮಾನ್ಯರು. ಹೆಸರನ್ನು ತಮಗೆ ತೋಚಿದಂತೆ ಬರೆದಿರುತ್ತಾರೆ, ವರ್ಷದ ಜಾಗ ಖಾಲಿ ಬಿಟ್ಟಿರುತ್ತಾರೆ. ನೀವು ಎಡಗಡೆಯ ಫಿಲ್ಟರಿನಲ್ಲಿ ವರ್ಷ ಒತ್ತಿದಿರೋ, ವರ್ಷ ಬರೆಯದ ಪ್ರತಿಗಳೆಲ್ಲ ಪಟ್ಟಿಯಿಂದ ಹೊರಬಿದ್ದವು. ಮೊದಲು ಫಿಲ್ಟರಿನಲ್ಲಿ ವಿಡಿಯೊ ಎಂದಷ್ಟೇ ಆರಿಸಿ, ಹೇಳಿಕೊಡುವವರ ಹೆಸರು ಹಾಕಿ ನೋಡಿ. ಆಮೇಲೆ ಕಂಪನಿಯ ಹೆಸರು. ಕೊನೆಗೆ ಬರೀ ‘ಸ್ಟೆಪ್’, ‘ಏರೋಬಿಕ್ಸ್’ ಎಂಬ ಮಾತುಗಳು. ಒಬ್ಬರು ಏರಿಸಿದ್ದು ನಿಮ್ಮ ರುಚಿಗೆ ಹೊಂದಿತೆಂದರೆ ಅವರ ಹೆಸರು ಒತ್ತಿ ಅವರು ಏರಿಸಿದ ಉಳಿದದ್ದನ್ನೂ ನೋಡಿ. ಕ್ಯಾಸೆಟ್ಟು ಕೂಡಿಡುವವರು ಒಂದಕ್ಕೇ ನಿಲ್ಲುವುದಿಲ್ಲ.

ಸಿಕ್ಕ ಮೇಲೆ ಪುಟದಲ್ಲೇ ನೋಡಿ ಸುಮ್ಮನಾಗಬೇಡಿ. ಬಲಗಡೆ ಡೌನ್‌ಲೋಡ್ ಆಯ್ಕೆಗಳಿರುತ್ತವೆ. ಅಲ್ಲಿ ತಕ್ಷಣ ಕಾಣುವ ಎಂಪಿ4 ಎಷ್ಟೋ ಸಲ ಆರ್ಕೈವ್ ತಾನೇ ಹಿಂಡಿ ಚಿಕ್ಕದು ಮಾಡಿದ ಪ್ರತಿ. ‘ಎಲ್ಲ ತೋರಿಸು’ ಒತ್ತಿದರೆ ಏರಿಸಿದವರ ಮೂಲ ಕಡತ ಸಿಗುತ್ತದೆ. ಡಿವಿಡಿಯಿಂದ ತೆಗೆದದ್ದಾದರೆ ಅದು 4 ಜಿಬಿ ದಾಟಿದ ಐಎಸ್‌ಒ ಕಡತ, ಅಂದರೆ ಇಡೀ ಡಿಸ್ಕಿನ ನಕಲು, ಆಗಿರಬಹುದು. ದೊಡ್ಡದಾದರೂ ವ್ಯಾಯಾಮ ಮಾಡುವವರಿಗೆ ಅದೇ ಒಳ್ಳೆಯದು, ಯಾಕೆಂದರೆ ಅಧ್ಯಾಯಗಳ ಮೆನು ಹಾಗೇ ಇರುತ್ತದೆ. ಇವತ್ತು ಕಾಲಿನದು ಬೇಡ, ಕೈಯದಷ್ಟೇ ಸಾಕು ಎಂದರೆ ನೇರ ಅಲ್ಲಿಗೆ ಹಾರಬಹುದು. ನೆಟ್ ನಡುನಡುವೆ ಕೈಕೊಡುವ ಊರಾದರೆ ಪುಟದಲ್ಲಿರುವ ಟೊರೆಂಟ್ ಕೊಂಡಿ ಹಿಡಿಯಿರಿ, ನಿಂತಲ್ಲಿಂದ ಮುಂದುವರಿಯುತ್ತದೆ. ವಿಎಲ್‌ಸಿ ಪ್ಲೇಯರಿನಲ್ಲಿ ಹಾಕಿದಾಗ ಕೈ ಬೀಸಿದಲ್ಲೆಲ್ಲ ಬಾಚಣಿಗೆ ಹಲ್ಲಿನಂಥ ಗೆರೆ ಕಂಡರೆ ಕೀಬೋರ್ಡಿನ ‘ಡಿ’ ಒತ್ತಿ, ಹೋಗುತ್ತದೆ. ಮಸುಕು ಮಾತ್ರ ಹೋಗುವುದಿಲ್ಲ. ಅದು ವಿಎಚ್‌ಎಸ್‌ನ ಹುಟ್ಟುಗುಣ.

ಇನ್ನು ಆರ್ಕೈವ್‌ನ ಎರಡು ದೋಷ. ಹಕ್ಕುದಾರರು ತಕರಾರು ಎತ್ತಿದರೆ ಪುಟ ಮಾಯವಾಗುತ್ತದೆ. ಇವತ್ತು ಇದ್ದದ್ದು ನಾಳೆ ಇಲ್ಲ. ಎರಡನೆಯದು, ಇಡೀ ತಾಣವೇ ಬೀಳಬಹುದು. 2024ರ ಅಕ್ಟೋಬರಿನಲ್ಲಿ ದಾಳಿಯಾಗಿ ದಿನಗಟ್ಟಲೆ ಮುಚ್ಚಿತ್ತು, 3.1 ಕೋಟಿ ಖಾತೆಗಳ ವಿವರ ಸೋರಿಹೋಗಿತ್ತು. ನೋಡುವುದಕ್ಕೆ, ಹೆಚ್ಚಿನದನ್ನು ಇಳಿಸಿಕೊಳ್ಳುವುದಕ್ಕೆ ಖಾತೆ ಬೇಕಾಗಿಲ್ಲ. ತೆರೆದರೂ ಬ್ಯಾಂಕಿಗಿಟ್ಟ ಪಾಸ್‌ವರ್ಡನ್ನೇ ಇಲ್ಲಿ ಇಡಬೇಡಿ.

ಕಾನೂನಿನ ಮಾತು ಮರೆಮಾಚಿ ಪ್ರಯೋಜನವಿಲ್ಲ. ಮಾರಾಟ ನಿಂತ ಮಾತ್ರಕ್ಕೆ ಹಕ್ಕುಸ್ವಾಮ್ಯ ಮುಗಿಯುವುದಿಲ್ಲ. ನಮ್ಮ 1957ರ ಕಾಯ್ದೆಯಲ್ಲಿ ಚಲನಚಿತ್ರಕ್ಕೆ ಪ್ರಕಟವಾದ ಮೇಲೆ 60 ವರ್ಷ, 1982ರದು 2042ರವರೆಗೆ. ಅಮೆರಿಕದಲ್ಲಿ ಕಂಪನಿಯ ಹೆಸರಿನ ಕೃತಿಗೆ 95 ವರ್ಷ, ಅಲ್ಲಿ 2077. ಆರ್ಕೈವ್‌ನಲ್ಲಿ ಇದೆ ಅಂದ ಮಾತ್ರಕ್ಕೆ ಅದು ಎಲ್ಲರ ಸ್ವತ್ತಲ್ಲ. ನನ್ನ ಕಟ್ಟಳೆ ಇಷ್ಟು: ಮಾರಾಟಕ್ಕಿದ್ದರೆ ಕೊಳ್ಳುತ್ತೇನೆ, ಎಲ್ಲೂ ಇಲ್ಲದಿದ್ದರೆ ಆರ್ಕೈವ್‌ನದನ್ನು ಮನೆಯ ಮಟ್ಟಿಗೆ ಬಳಸುತ್ತೇನೆ, ಮತ್ತೆ ಇನ್ನೆಲ್ಲೂ ಏರಿಸುವುದಿಲ್ಲ, ಪೆನ್‌ಡ್ರೈವಿನಲ್ಲಿ ಹಂಚುವುದಿಲ್ಲ. ಇದು ಕಾನೂನು ಸಲಹೆಯಲ್ಲ, ನನ್ನ ಸಮಾಧಾನ.

ಯೂಟ್ಯೂಬ್: ಬೇಗ ಸಿಗುತ್ತದೆ, ಬೇಗ ಹೋಗುತ್ತದೆ

ಜೋಯಿಸರ ವಿಡಿಯೊ ಸಿಕ್ಕಿದ್ದು ಇಲ್ಲಿ, ಎರಡು ನಿಮಿಷದಲ್ಲಿ. ಇದರ ತಮಾಷೆ ಹೇಳದೆ ಮುಂದೆ ಹೋಗಲಾರೆ. ಚಿಕ್ಕಮ್ಮನ ತವರು ಮೈಸೂರಿನ ಲಕ್ಷ್ಮೀಪುರ. ಜೋಯಿಸರು ದಶಕಗಳ ಕಾಲ ಯೋಗ ಕಲಿಸಿದ್ದೂ ಲಕ್ಷ್ಮೀಪುರದಲ್ಲೇ. ಬೀದಿಯಲ್ಲಿ ಹೋಗಿಬರುವ ಬಿಳಿಯರನ್ನು ನೋಡಿಕೊಂಡೇ ಬೆಳೆದ ಈಕೆ, ಒಂದು ದಿನವೂ ಆ ಬಾಗಿಲು ತಟ್ಟದೆ, ಕೊನೆಗೆ ಕ್ಯಾಲಿಫೋರ್ನಿಯದಲ್ಲಿ ಡಾಲರ್ ಕೊಟ್ಟು ಅವರ ಕ್ಯಾಸೆಟ್ಟು ತಂದರು! ವಿಡಿಯೊ ಶುರುವಾಗಿ ಆ ಹಳೇಮೈಸೂರಿನ ದನಿ ‘ಏಕಂ’ ಎಂದು ಎಣಿಸತೊಡಗಿದಾಗ ಅಡುಗೆಮನೆಯಿಂದ ಸೌಟು ಹಿಡಿದುಕೊಂಡೇ ಬಂದು ನಿಂತರು. ಮೈಸೂರಿನ ಯೋಗದ್ದೇ ಇನ್ನೂ ಹಿಂದಿನದು ಬೇಕಾದರೆ ಜೋಯಿಸರ ಗುರು ಟಿ. ಕೃಷ್ಣಮಾಚಾರ್ಯರ 1938ರ ಮೂಕಿ ಚಿತ್ರವೂ ಯೂಟ್ಯೂಬಿನಲ್ಲಿದೆ. ಅದರಲ್ಲಿ ಹದಿಹರೆಯ ದಾಟುತ್ತಿದ್ದ ಬಿ.ಕೆ.ಎಸ್. ಅಯ್ಯಂಗಾರರೂ ಕಾಣಿಸುತ್ತಾರೆ. ಅದನ್ನು ನೋಡಿಕೊಂಡು ಅಭ್ಯಾಸ ಮಾಡಲು ಹೋಗಬೇಡಿ, ನೋಡಿ ಬೆರಗಾದರೆ ಸಾಕು.

ಆರ್ಕೈವ್‌ಗೆ ಹೋಲಿಸಿದರೆ ಯೂಟ್ಯೂಬಿನ ಹೆಚ್ಚುಗಾರಿಕೆ ಟಿವಿಯಲ್ಲಿ ಸಲೀಸಾಗಿ ಓಡುವುದು. ವಯಸ್ಸಾದವರು ತಾವೇ ಹಾಕಿಕೊಳ್ಳಬಲ್ಲರು. ಕೆಲವು ಶಿಕ್ಷಕರು ತಮ್ಮ ಹಳೆಯ ವಿಡಿಯೊಗಳನ್ನು ತಾವೇ ಏರಿಸಿರುವುದೂ ಉಂಟು, ಅಂಥ ಅಧಿಕೃತ ಚಾನೆಲ್ ಸಿಕ್ಕರೆ ಕಣ್ಣುಮುಚ್ಚಿ ಅದನ್ನೇ ಹಿಡಿಯಿರಿ.

ಅನಧಿಕೃತ ಪ್ರತಿಗಳಲ್ಲಿ ಕಾಟ ಬೇರೆ ರೀತಿಯದು. ಹಕ್ಕುಸ್ವಾಮ್ಯದ ಯಂತ್ರದ ಕಣ್ಣು ತಪ್ಪಿಸಲು ಏರಿಸಿದವರು ಚಿತ್ರವನ್ನು ಎಡಬಲ ತಿರುಗಿಸಿರುತ್ತಾರೆ, ಸದ್ದಿನ ಶ್ರುತಿ ಏರಿಸಿರುತ್ತಾರೆ, ವೇಗ ಸ್ವಲ್ಪ ಹೆಚ್ಚಿಸಿರುತ್ತಾರೆ. ಸಿನಿಮಾ ನೋಡುವವರಿಗೆ ಇದು ಸಹ್ಯ. ಬಾಯಲ್ಲಿ ‘ಬಲಗಾಲು’ ಎಂದು ಹೇಳುತ್ತಾ ಎಡಗಾಲು ಎತ್ತುವ ಶಿಕ್ಷಕಿಯನ್ನು ಹಿಂಬಾಲಿಸುವುದು, ಅದೂ ಹಲಗೆಯ ಮೇಲೆ, ಬೀಳುವುದಕ್ಕೆ ಒಳ್ಳೆಯ ದಾರಿ. ಐದು ನಿಮಿಷ ಕೂತು ನೋಡಿ: ಪರದೆಯ ಮೇಲಿನ ಅಕ್ಷರ ಉಲ್ಟಾ ಇದೆಯೇ, ಮಾತು ಇಲಿಯ ಕಿಚಕಿಚದಂತಿದೆಯೇ? ಇದ್ದರೆ ಬಿಡಿ. ಜೊತೆಗೆ ಜಾಹೀರಾತು. ಮೊಣಕೈ ಮೇಲೆ ಮೈ ಹಿಡಿದು ನಡುಗುತ್ತಿರುವಾಗಲೇ ಗೃಹಸಾಲದ ಜಾಹೀರಾತು ಬರುತ್ತದೆ.

ಹಳೆಯ ಡಿಸ್ಕು, ಹಳೆಯ ಕ್ಯಾಸೆಟ್ಟು

ಫರ್ಮ್ ಸಿಕ್ಕಿದ್ದು ಸೆಕೆಂಡ್‌ಹ್ಯಾಂಡ್ ಡಿವಿಡಿಯಾಗಿ, ಈಬೇಯಲ್ಲಿ. ಇಂಡಿಯಾದ ಈಬೇ 2018ರಲ್ಲೇ ಮುಚ್ಚಿದ್ದರಿಂದ ಅಮೆರಿಕದ್ದನ್ನೇ ನೋಡಬೇಕು. ಡಿಸ್ಕಿಗಿಂತ ಅಂಚೆ ಖರ್ಚು ಹೆಚ್ಚು, ಮೇಲೆ ಕಸ್ಟಮ್ಸ್. ನಾನು ಮಾಡಿದ್ದು ನಮ್ಮವರೆಲ್ಲ ಮಾಡುವುದನ್ನೇ: ನ್ಯೂಜೆರ್ಸಿಯ ಅಕ್ಕನ ಮನೆಗೆ ತರಿಸಿ, ಬೇಸಿಗೆ ರಜಕ್ಕೆ ಬರುವಾಗ ಬಾದಾಮಿ, ಚಾಕೊಲೇಟುಗಳ ಮಧ್ಯೆ ತುರುಕಿಸಿಕೊಂಡೆ. ಮೊದಲು ಕೊಂಡ ಒಬ್ಬ ಮಾರಾಟಗಾರ ಚಿತ್ರದಲ್ಲಿ ಒಂದು ತೋರಿಸಿ ಡಬ್ಬಿಯೊಳಗೆ ಬೇರೆ ಡಿಸ್ಕ್ ಇಟ್ಟು ಕಳಿಸಿದ್ದ. ಅಂದಿನಿಂದ ಡಿಸ್ಕಿನ ಮೈಮೇಲಿನ ಬರಹದ ಫೋಟೊ ಕೇಳದೆ ದುಡ್ಡು ಕಟ್ಟುವುದಿಲ್ಲ.

ಡಿವಿಡಿಗಳನ್ನು ದೇಶ ನೋಡಿ ವಲಯಗಳಾಗಿ ಹಂಚಿದ್ದಾರೆ: ಅಮೆರಿಕದ ಡಿವಿಡಿಗೆ ವಲಯ 1, ಭಾರತದ್ದು ವಲಯ 5. ಹಿಂಬದಿಯಲ್ಲಿ ಭೂಗೋಳದ ಚಿತ್ರದೊಳಗೆ 1 ಎಂದಿದ್ದರೆ ಇಲ್ಲಿಯ ಪ್ಲೇಯರ್ ತಿರಸ್ಕರಿಸಬಹುದು. 0 ಎಂದಿದ್ದರೆ ಚಿಂತೆಯಿಲ್ಲ. ಕಂಪ್ಯೂಟರಿನ ಡಿವಿಡಿ ಡ್ರೈವಿನ ವಲಯವನ್ನು ಐದು ಸಲ ಮಾತ್ರ ಬದಲಿಸಲು ಬಿಡುತ್ತದೆ, ಆಮೇಲೆ ಬೀಗ. ಅದಕ್ಕಾಗಿ ಆಟವಾಡಲು ಹೋಗಬೇಡಿ.

ಕ್ಯಾಸೆಟ್ಟನ್ನು ಮಾತ್ರ, ಬೇರೆ ಯಾವ ದಾರಿಯೂ ಇಲ್ಲವೆಂದಾದಾಗ ಕೊಳ್ಳಿ. ಅಮೆರಿಕದ್ದು ಎನ್‌ಟಿಎಸ್‌ಸಿ ಎಂಬ ಟಿವಿ ಪದ್ಧತಿ, ಚಿತ್ರಕ್ಕೆ 525 ಗೆರೆ. ನಮ್ಮದು ಪಾಲ್, 625 ಗೆರೆ. ಚಿಕ್ಕಮ್ಮನ ಟೇಪುಗಳು ಅಟ್ಟ ಸೇರಿದ್ದು ಇದೇ ಕಾರಣಕ್ಕೆ. ಆಮೇಲಾಮೇಲೆ ಬಂದ ವಿಸಿಆರ್‌ಗಳಲ್ಲಿ ಕೆಲವು ಎರಡನ್ನೂ ಓಡಿಸುತ್ತವೆ. ಆದರೆ ವಿಸಿಆರ್ ಮಾಡುತ್ತಿದ್ದ ಕೊನೆಯ ಕಂಪನಿಯೆಂದು ಹೆಸರಾದ ಜಪಾನಿನ ಫುನಾಯ್ 2016ರ ಜುಲೈಯಲ್ಲಿ ನಿಲ್ಲಿಸಿತು. ಈಗ ಇರುವುದೆಲ್ಲ ಹಳೆಯದು, ರಿಪೇರಿ ಮಾಡುವವರೂ ಕಡಿಮೆ.

ಮನೆಯಲ್ಲೇ ಕ್ಯಾಸೆಟ್ಟು ಇದ್ದರೆ ಮದುವೆ ವಿಡಿಯೊಗಳನ್ನು ಡಿಜಿಟಲ್ ಮಾಡಿಕೊಡುವ ಸ್ಟುಡಿಯೊಗಳಲ್ಲಿ ಕೇಳಿ. ಎರಡು ಪ್ರಶ್ನೆ ಮರೆಯಬೇಡಿ: ಎನ್‌ಟಿಎಸ್‌ಸಿ ಓಡುತ್ತದೆಯೇ, ಬೂಷ್ಟು ಬಂದದ್ದನ್ನು ತೊಳೆಯುತ್ತೀರಾ. ಬೂಷ್ಟಿನ ಟೇಪನ್ನು ಹಾಗೇ ತುರುಕಿದರೆ ಯಂತ್ರದ ಹೆಡ್ಡೂ ಕೆಡುತ್ತದೆ, ಮುಂದಿನವರ ಮದುವೆಗೂ ಬೂಷ್ಟು ಹಿಡಿಯುತ್ತದೆ.

ಅಮೆರಿಕದಲ್ಲೇ ಇರುವ ಕನ್ನಡಿಗರಿಗೆ ಒಂದು ಅನುಕೂಲ ಜಾಸ್ತಿ. ಲೈಬ್ರರಿಗಳ ಜಂಟಿ ಕೆಟಲಾಗು ವರ್ಲ್ಡ್‌ಕ್ಯಾಟ್‌ನಲ್ಲಿ ಹೆಸರು ಹಾಕಿದರೆ ಯಾವ ಲೈಬ್ರರಿಯಲ್ಲಿ ಡಿಸ್ಕ್ ಇದೆ ಎಂದು ತೋರಿಸುತ್ತದೆ, ಊರಿನ ಲೈಬ್ರರಿ ಮೂಲಕ ತರಿಸಿಕೊಳ್ಳಲು ಕೇಳಬಹುದು. ಕೊಳ್ಳುವ ಮುನ್ನ ಇದು ತಮಗೆ ಬೇಕಾದ ವಿಡಿಯೊ ಹೌದೇ ಎಂದು ನೋಡಲು ಇದಕ್ಕಿಂತ ಅಗ್ಗದ ಉಪಾಯ ಇಲ್ಲ.

ಹಾಗಾದರೆ ಯಾವುದು?

ಹೆಸರು ಗೊತ್ತು, ವಿಡಿಯೊ ಪ್ರಸಿದ್ಧ ಎಂದಾದರೆ ಮಾರಾಟಕ್ಕಿದೆಯೇ ನೋಡಿ, ಇಲ್ಲದಿದ್ದರೆ ಡಿಸ್ಕ್. ಒಮ್ಮೆ ನೋಡಿ ನೆನಪು ಹಸಿರು ಮಾಡಿಕೊಳ್ಳುವ ಆಸೆಯಷ್ಟೇ ಆದರೆ ಯೂಟ್ಯೂಬ್ ಧಾರಾಳ ಸಾಕು. ಹೆಸರೇ ತಿಳಿಯದ್ದು, ಡಿವಿಡಿಯೇ ಆಗದ್ದು, ಸಣ್ಣ ಕಂಪನಿಯದು ಎಂದಾದರೆ ಆರ್ಕೈವ್ ಬಿಟ್ಟು ಬೇರೆ ಗತಿಯಿಲ್ಲ, ತಾಳ್ಮೆ ಇರಲಿ. ದಿನಾ ಅದನ್ನೇ ಹಾಕಿ ಮಾಡುವವರು ಯಾವ ದಾರಿಯಲ್ಲಿ ಸಿಕ್ಕರೂ ಸರಿ, ನೆಟ್‌ನ ಹಂಗಿಲ್ಲದ ಪ್ರತಿಯನ್ನೇ ಗುರಿಯಾಗಿಡಿ. ಚಿಕ್ಕಮ್ಮನಿಗೆ ಡಿಸ್ಕುಗಳ ಜೊತೆ ಸ್ಟೆಪ್ ವಿಡಿಯೊ ಇರುವ ಪೆನ್‌ಡ್ರೈವ್ ಒಂದನ್ನು ಟಿವಿಗೆ ಚುಚ್ಚಿಕೊಟ್ಟಿದ್ದೇನೆ. ಜೋಯಿಸರದ್ದು ಯೂಟ್ಯೂಬಿನಲ್ಲೇ.

ಒಂದು ಎಚ್ಚರಿಕೆ. ಆ ಕಾಲದ ವಿಡಿಯೊಗಳಲ್ಲಿ ಜಿಗಿಜಿಗಿದು ಮೈ ಎಳೆಯುವುದು, ಕುತ್ತಿಗೆಯನ್ನು ಪೂರ್ತಿ ಸುತ್ತಿಸುವುದು ಎಲ್ಲ ಇದೆ. ಈಗಿನ ಶಿಕ್ಷಕರು ಅದನ್ನು ಹೇಳಿಕೊಡುವುದಿಲ್ಲ. ಅವು ಬಂದಾಗ ಚಿಕ್ಕಮ್ಮ ನಿಂತಲ್ಲೇ ನಡೆಯುತ್ತಾರೆ.

ಸ್ಟೆಪ್ ಹಲಗೆಯ ಕತೆ ಉಳಿಯಿತು. ಅಂಗಡಿಯ ಪ್ಲಾಸ್ಟಿಕ್ ಹಲಗೆ ಸಾಮಾನ್ಯವಾಗಿ 4 ಇಂಚು, ಅಡಿಗೆ ಬಿಲ್ಲೆ ಕೊಟ್ಟರೆ 6, 8. ಚಿಕ್ಕಮ್ಮ ಅದೆಲ್ಲ ಬೇಡವೆಂದು ಬಡಗಿಯನ್ನು ಕರೆಸಿ ಅಗಲದ ಮಣೆ ಮಾಡಿಸಿದರು, 4 ಇಂಚಿನದು, ಕೆಳಗೆ ಜಾರದ ಹಾಗೆ ಹಳೇ ಸೈಕಲ್ ಟೈರು ಹೊಡೆಸಿ. ‘ಹಸೆಮಣೆಗೆ ಟೈರು ಯಾಕಮ್ಮಾ?’ ಎಂದು ಆತ ಕೇಳಿದನಂತೆ. ಮೊದಲ ದಿನ ಹನ್ನೆರಡು ನಿಮಿಷ ಹತ್ತಿ ಇಳಿದರು.